ಉಡುಪಿಯಿಂದ ಸೀರಿಯಲ್‌ಗೆ ಹೋದ ನಟಿ ಮುಂದೆ ಚಿತ್ರಕಥೆ ಬರೆಯಬಹುದಾ? ಕೋರ್ಸ್ ಬೇಕೇ ಬೇಕಾ?

ಖಂಡಿತ ಬರೆಯಬಹುದು. ಕೋರ್ಸ್ ಕಡ್ಡಾಯವೇನಲ್ಲ, ಸೆಟ್ಟಿನಲ್ಲೇ ಅರ್ಧ ಪಾಠ ಆಗಿರುತ್ತದೆ. ದಿನದ ಧಾರಾವಾಹಿಗೆ ವಾರಕ್ಕೆ ಐದಾರು ಕಂತು ಬೇಕು. ಎಷ್ಟೋ ಸಲ ಸೀನಿನ ಹಾಳೆ ಕೈಗೆ ಸಿಗುವುದೇ ಶೂಟಿಂಗ್ ದಿನ. ಹಾಗೆ ಓದಿ ಓದಿ, ಯಾವ ಮಾತು ಬಾಯಿಗೆ ಕೂರುವುದಿಲ್ಲ, ಕಂತನ್ನು ಎಲ್ಲಿ ನಿಲ್ಲಿಸಿದರೆ ಜನ ನಾಳೆಗೆ ಕಾಯುತ್ತಾರೆ ಅಂತ ನಟಿಗೆ ಗೊತ್ತಾಗಿಬಿಡುತ್ತದೆ. ನಮ್ಮ ಕಡೆಯವರಿಗೆ ಇದು ಹೊಸತಲ್ಲ ಬಿಡಿ. ವೇಷ, ಕುಣಿತ ಇಲ್ಲದೆ ಕೂತು ಮಾತಾಡುವ ಯಕ್ಷಗಾನ ಪ್ರಕಾರವಾದ ತಾಳಮದ್ದಳೆಯಲ್ಲಿ ಪ್ರಸಂಗ ಕೊಡುವುದು ಪದ್ಯ, ಮಾತು ಕಟ್ಟುವವರು ಪಾತ್ರ ವಹಿಸುವ ಅರ್ಥಧಾರಿಗಳೇ ಅಲ್ವಾ?

ಆದರೆ ದೃಶ್ಯಗಳನ್ನು ಜೋಡಿಸುವ ಕೆಲಸ ಬರೆದೇ ಕಲಿಯಬೇಕು. 1980ರ ದಶಕದಲ್ಲಿ ಬ್ರಿಟಿಷ್ ಟಿವಿಯಲ್ಲಿ ನಟಿಸುತ್ತಿದ್ದ ಎಮ್ಮಾ ಥಾಂಪ್ಸನ್, ಜೇನ್ ಆಸ್ಟಿನ್ ಕಾದಂಬರಿಯೊಂದನ್ನು ವರ್ಷಗಟ್ಟಲೆ ತಿದ್ದಿ ತಿದ್ದಿ ಚಿತ್ರಕಥೆ ಮಾಡಿದರು. 1996ರಲ್ಲಿ ಅದಕ್ಕೇ ಆಸ್ಕರ್ ಬಂತು.