ಅಟ್ಟದ ಮೇಲಿನ ಪದ್ಯಗಳು

ಧಾರವಾಡದ ಓದುಗರೊಬ್ಬರ ಪತ್ರ: ‘1968ರ ಸೋವಿಯತ್ ಚಿತ್ರ “ಮೊಆಬಿತ್ ನೋಟ್‌ಬುಕ್” ನೋಡಿದೆ. ರಷ್ಯದ ತತಾರ್ ಜನಾಂಗದ ಕವಿ ಮೂಸಾ ಜಲೀಲ್ ನಾಜಿಗಳ ಕಾಲದ ಬರ್ಲಿನ್ನಿನ ಮೊಆಬಿತ್ ಸೆರೆಮನೆಯಲ್ಲಿ ಪದ್ಯ ಬರೆದ ಕತೆ. ನನಗೆ ಸರ್ಕಾರಿ ಪ್ರಚಾರದ ವಾಸನೆ ಬಂತು. ತಲೆ ಕೊಡದೆ ಹೋಗಿದ್ದರೆ ಈ ಕವಿಯನ್ನು ಯಾರು ಓದುತ್ತಿದ್ದರು? ನನ್ನ ಅಜ್ಜನೂ ಪದ್ಯ ಬರೆದಿದ್ದರು. ಈಗ ಬಳಕೆ ತಪ್ಪಿದ ಮೋಡಿ ಲಿಪಿ, ನಮಗೆ ಓದಲು ಬಾರದು, ಅಟ್ಟದ ಮೇಲೆ ಬಿದ್ದಿವೆ. ಅವರ ಮೇಲೆ ಯಾರೂ ಸಿನಿಮಾ ತೆಗೆಯಲಿಲ್ಲ.’

ಮಾನ್ಯರೇ,

ಪ್ರಚಾರದ ಮಾತನ್ನು ಒಪ್ಪಿದೆ. ಲೆನ್‌ಫಿಲ್ಮ್ ಸರ್ಕಾರದ ಸ್ಟುಡಿಯೋ, ದುಡ್ಡು ಸರ್ಕಾರದ್ದು. ನಾಯಕನ ಅಂಗಿಯ ಮೇಲೆ ಕಲೆ ಕಾಣಿಸದಂತೆ ನೋಡಿಕೊಳ್ಳುವುದು ಅಂಥ ಚಿತ್ರಗಳ ಹಣೆಬರಹ. ಇದರ ನಿರ್ದೇಶಕ ಲಿಯೊನಿದ್ ಕ್ವಿನಿಖಿದ್ಜೆ ಮುಂದೆ ಹೆಸರು ಮಾಡಿದ್ದು ಹಾಡು ಕುಣಿತದ ಚಿತ್ರಗಳಿಂದ ಎನ್ನುವುದನ್ನೂ ನಿಮ್ಮ ಪರವಾಗಿ ಸೇರಿಸಿಕೊಳ್ಳಿ. ಸಿನಿಮಾದ ಲೆಕ್ಕ ಇಲ್ಲಿಗೆ ಚುಕ್ತಾ.

ಆದರೆ ತಲೆ ಕೊಟ್ಟದ್ದಕ್ಕೇ ಜನ ಓದಿದರು ಎನ್ನುತ್ತೀರಲ್ಲ, ಅಲ್ಲಿ ನಿಮ್ಮನ್ನು ಸುಮ್ಮನೆ ಬಿಡಲಾರೆ. 1944ರ ಆಗಸ್ಟ್ 25ರಂದು ಬರ್ಲಿನ್ನಿನ ಪ್ಲೋಟ್ಸೆನ್ಸೇ ಸೆರೆಮನೆಯಲ್ಲಿ ಜಲೀಲ್ ಸೇರಿ ಹನ್ನೊಂದು ಜನ ತತಾರರನ್ನು ಒಬ್ಬರಾದ ಮೇಲೆ ಒಬ್ಬರಂತೆ ಗಿಲೊಟಿನ್ನಿಗೆ ಕೊಟ್ಟರು. ಆ ಬಳಿಕ ಒಂಬತ್ತು ವರ್ಷ ಅವನ ಸೆರೆಮನೆಯ ಪದ್ಯಗಳನ್ನು ಅಚ್ಚಿನ ಹತ್ತಿರ ಸುಳಿಯಲು ಬಿಟ್ಟವರಿಲ್ಲ. ಬಿಡದವರು ಜರ್ಮನರಲ್ಲ, ಅವನ ಸ್ವಂತ ಸರ್ಕಾರ. 1942ರ ಜೂನ್‌ನಲ್ಲಿ ವೋಲ್ಖೋವ್ ರಣರಂಗದಲ್ಲಿ ಗಾಯಗೊಂಡು ಸೆರೆ ಸಿಕ್ಕವನು ಆತ. ನಾಜಿಗಳು ಯುದ್ಧಕೈದಿಗಳನ್ನು ಕಲೆಹಾಕಿ ಕಟ್ಟಿದ ಇದೆಲ್-ಉರಲ್ ಪಡೆಯೊಳಗೆ ಸೇರಿ, ಒಳಗಿನಿಂದಲೇ ಗುಪ್ತ ಸಂಘಟನೆ ನಡೆಸಿ, 1943ರ ಆಗಸ್ಟ್‌ನಲ್ಲಿ ಸಿಕ್ಕಿಬಿದ್ದ. ಮಾಸ್ಕೋದ ಕಡತಕ್ಕೆ ಕಂಡದ್ದು ‘ಸೇರಿ’ ಎಂಬಷ್ಟೇ. 1946ರಲ್ಲಿ ಸತ್ತವನ ಮೇಲೆ ದೇಶದ್ರೋಹದ ಮೊಕದ್ದಮೆ ತೆರೆದರು. 1953ರ ಮಾರ್ಚ್‌ನಲ್ಲಿ ಸ್ಟಾಲಿನ್ ಸತ್ತ. ಏಪ್ರಿಲ್‌ನಲ್ಲಿ ಸೋವಿಯತ್ ಲೇಖಕ, ಸಂಪಾದಕ ಕನ್ಸ್ತಾಂತಿನ್ ಸಿಮೊನೋವ್ ತನ್ನ ಪತ್ರಿಕೆಯಲ್ಲಿ ಜಲೀಲನ ಪದ್ಯಗಳನ್ನು ಅಚ್ಚು ಹಾಕಿದ. ಸಂಪಾದಕನಾದ ನನಗೆ ಆ ಒಂದು ತಿಂಗಳ ಲೆಕ್ಕ ಎಂದೂ ಮರೆಯುವುದಿಲ್ಲ. ಆಮೇಲೆ 1956ರಲ್ಲಿ ಸೋವಿಯತ್ ಒಕ್ಕೂಟದ ವೀರ ಪದವಿ, 1957ರಲ್ಲಿ ಲೆನಿನ್ ಪ್ರಶಸ್ತಿ, 1966ರಲ್ಲಿ ತತಾರರ ರಾಜಧಾನಿ ಕಜಾನಿನ ಕೋಟೆಯ ಮುಂದೆ ಮುಳ್ಳುತಂತಿ ಹರಿಯುವ ಪ್ರತಿಮೆ, ಎಲ್ಲ ಮುಗಿದ ಮೇಲೆ ನೀವು ನೋಡಿದ ಸಿನಿಮಾ.

ಹಾಗಾದರೆ ಆ ಒಂಬತ್ತು ವರ್ಷ ಪದ್ಯಗಳು ಉಳಿದದ್ದು ಹೇಗೆ? ನನಗೆ ಬೇಕಾದ ಸಿನಿಮಾ ಅದು.

ಅಂಗೈಯೊಳಗೆ ಅಡಗುವಂಥ ಎರಡು ನೋಟ್‌ಬುಕ್ಕುಗಳು. ಒಂದು ಅರಬ್ಬೀ ಲಿಪಿಯಲ್ಲಿ, ಇನ್ನೊಂದು ಲ್ಯಾಟಿನ್ ಲಿಪಿಯಲ್ಲಿ. ಭಾಷೆ ಎರಡರಲ್ಲೂ ತತಾರ್. ಸುಮಾರು ಹನ್ನೆರಡು ವರ್ಷದೊಳಗೆ ಆ ಭಾಷೆಗೆ ಎರಡು ಬಾರಿ ಲಿಪಿ ಬದಲಿಸಿದ್ದರು. ಜಲೀಲ್ ಯುದ್ಧಕ್ಕೆ ಹೊರಡುವ ಹೊತ್ತಿಗೆ ಶಾಲೆಯ ಮಕ್ಕಳು ರಷ್ಯನ್ ಅಕ್ಷರದಲ್ಲಿ ತತಾರ್ ಬರೆಯುತ್ತಿದ್ದರು. ನಿಮ್ಮ ಅಜ್ಜನ ಮೋಡಿಯ ಪಾಡೂ ಇದೇ ಅಲ್ಲವೇ? ಅರಬ್ಬೀ ಲಿಪಿಯ ನೋಟ್‌ಬುಕ್ಕನ್ನು 1946ರಲ್ಲಿ ನಿಗ್ಮತ್ ತೆರೆಗುಲೋವ್ ಎಂಬ ಮಾಜಿ ಯುದ್ಧಕೈದಿ ಕಜಾನಿನ ಲೇಖಕರ ಸಂಘಕ್ಕೆ ತಂದೊಪ್ಪಿಸಿದ. ಉಪಕಾರಕ್ಕೆ ಪ್ರತಿಫಲವಾಗಿ ಅವನನ್ನೇ ಬಂಧಿಸಿದರು, ಸೋವಿಯತ್ ಕೈದಿಗಳ ಶಿಬಿರದಲ್ಲಿ ಸತ್ತ. ಈ ಎರಡಲ್ಲದೆ ಇನ್ನೂ ಒಂದು ನೋಟ್‌ಬುಕ್ ರೋಮ್‌ನ ಸೋವಿಯತ್ ದೂತಾವಾಸದವರೆಗೆ ಬಂದು, ಕಡತಗಳ ಹೊಟ್ಟೆ ಸೇರಿ, ಇಂದಿಗೂ ಈಚೆ ಬಂದಿಲ್ಲ.

ಇನ್ನು ಲ್ಯಾಟಿನ್ ಲಿಪಿಯದು. ಅದನ್ನು ಕಾಪಾಡಿದವನು ಸೆರೆಮನೆಯ ಕೋಣೆಯಲ್ಲಿ ಜೊತೆಗಿದ್ದ ಬೆಲ್ಜಿಯಂನ ಆಂದ್ರೆ ಟಿಮ್ಮರ್ಮನ್ಸ್. ಅವನಿಗೆ ತತಾರ್ ಬಾರದು. ಅಕ್ಷರ ಪರಿಚಿತವೇ, ಅರ್ಥ ಶೂನ್ಯ. ತನ್ನ ಜೀವಕ್ಕೇ ಭರವಸೆಯಿಲ್ಲದ ಮನುಷ್ಯ ಆ ಅರ್ಥವಾಗದ ಕಾಗದಗಳನ್ನು ಬಿಸಾಡಲಿಲ್ಲ. ಬ್ರಸೆಲ್ಸ್ ಮೂಲಕ 1947ರಲ್ಲಿ ಅದು ಕಜಾನ್ ಸೇರಿತು. ಮೂಸಾ ಜಲೀಲನ ಅತ್ಯುತ್ತಮ ಓದುಗ ಯಾರೆಂದು ನನ್ನನ್ನು ಕೇಳಿದರೆ, ಒಂದು ಸಾಲೂ ಅರ್ಥವಾಗದ ಈ ಬೆಲ್ಜಿಯಂನವನ ಹೆಸರು ಹೇಳುತ್ತೇನೆ.

ಅಂದ ಹಾಗೆ, ಆ ಪುಟಗಳಲ್ಲಿ ಇರುವುದೆಲ್ಲ ರಣಘೋಷವಲ್ಲ. ಮನೆಯ ಕನಸು ಇದೆ, ಮಗಳಿದ್ದಾಳೆ, ಪ್ರೇಮದ ನಡುವೆ ನೆಗಡಿ ಹಿಡಿದವನ ಮೇಲೆ ಒಂದು ತಮಾಷೆಯ ಪದ್ಯವೂ ಇದೆ. ಕತ್ತಿಯ ಕೆಳಗೆ ಕೂತು ನೆಗಡಿಯ ಮೇಲೆ ಪದ್ಯ ಬರೆಯುವ ಮನುಷ್ಯನನ್ನು ಪ್ರತಿಮೆ ಮಾಡಲು ಕಂಚಿಗೆ ಆಗುವುದಿಲ್ಲ. ಹುತಾತ್ಮನಾಗಿದ್ದಕ್ಕೆ ಅವನು ಕವಿಯಾದದ್ದೂ ಅಲ್ಲ. ಯುದ್ಧಕ್ಕೆ ಮೊದಲೇ ಅವನು ತತಾರ್ ಲೇಖಕರ ಸಂಘದ ಮುಖ್ಯಸ್ಥ, ಒಪೆರಾಕ್ಕೆ ಸಾಹಿತ್ಯ ಬರೆದವನು.

ಇದನ್ನೆಲ್ಲ ಇಷ್ಟು ಹೊಟ್ಟೆಯುರಿಯಿಂದ ಬರೆಯಲು ಕಾರಣವಿದೆ. ವರ್ಷಗಳ ಹಿಂದೆ, ತೀರಿಕೊಂಡ ಹಿರಿಯ ಕವಿಯೊಬ್ಬರ ಮನೆಗೆ ವಿಶೇಷ ಸಂಚಿಕೆಗೆಂದು ಹೋಗಿದ್ದೆ. ಕಾಫಿ ಕೊಟ್ಟರು. ಹಸ್ತಪ್ರತಿ ಕೇಳಿದೆ. ‘ಅಯ್ಯೋ, ಹೋದ ವಾರ ಬಂದಿದ್ದರೆ ಸಿಗುತ್ತಿತ್ತು, ಸುಣ್ಣ ಹೊಡೆಸುವಾಗ ಎಲ್ಲ ರದ್ದಿಗೆ ಹಾಕಿಬಿಟ್ಟೆವು’ ಎಂದರು, ಸಾರು ಖಾಲಿಯಾಯಿತು ಎನ್ನುವ ಧಾಟಿಯಲ್ಲಿ. ರದ್ದಿ ಅಂಗಡಿಗೆ ಓಡಿದೆ. ಅಂಗಡಿಯವನು ಒಳ್ಳೆಯವನು, ಗಂಟುಗಳನ್ನು ಬಿಚ್ಚಿ ತೋರಿಸಿದ. ಸಿಕ್ಕಿದ್ದು ಒಂದೇ ಹಾಳೆ. ಒಂದು ಮಗ್ಗುಲಲ್ಲಿ ಹಾಲಿನ ಲೆಕ್ಕ, ಇನ್ನೊಂದು ಮಗ್ಗುಲಲ್ಲಿ ಐದು ಸಾಲು. ನಾಲ್ಕನೆಯ ಸಾಲನ್ನು ಮೂರು ಬಾರಿ ಹೊಡೆದುಹಾಕಿ ಕೊನೆಗೆ ಮೊದಲು ಬರೆದಿದ್ದನ್ನೇ ಮತ್ತೆ ಬರೆದಿದ್ದರು. ಅಚ್ಚಾದ ಯಾವ ಪುಸ್ತಕದಲ್ಲೂ ಆ ಐದು ಸಾಲು ಇಲ್ಲ. ಅದೇ ಕವಿಯ ಹೆಸರನ್ನು ಮುಂದೆ ಒಂದು ವೃತ್ತಕ್ಕೆ ಇಟ್ಟರು. ಶಾಲು, ಹಾರ, ಸ್ಮರಣಸಂಚಿಕೆ ಎಲ್ಲಕ್ಕೂ ಅನುದಾನ ಹುಟ್ಟುತ್ತದೆ, ಗೆದ್ದಲು ಹತ್ತದ ಒಂದು ಬೀರುವಿಗೆ ಮಾತ್ರ ಹುಟ್ಟುವುದಿಲ್ಲ. ಹಸ್ತಪ್ರತಿಗಳಿರುವ ಒಂದು ಕಪಾಟನ್ನು ನೋಡಲು ನಾನು ಮೂರು ಸಲ ಅಲೆದಿದ್ದೇನೆ. ಬೀಗದ ಕೈ ಇಟ್ಟುಕೊಂಡವರು ನಿವೃತ್ತರಾಗಿದ್ದರು, ಕೈಯೂ ಅವರ ಜೊತೆಗೇ ನಿವೃತ್ತವಾಗಿತ್ತು.

ಈಗ ನಿಮ್ಮ ವಿಷಯ. ಮೊಬೈಲಿನಲ್ಲಿ ಹಳೆಯ ಸೋವಿಯತ್ ಸಿನಿಮಾ ಹುಡುಕಿ ನೋಡುವ ವ್ಯವಧಾನ ನಿಮಗಿದೆ, ಅದಕ್ಕೆ ನಮಸ್ಕಾರ. ಅಟ್ಟ ಹತ್ತುವ ವ್ಯವಧಾನ ಏಕಿಲ್ಲ? ಅಜ್ಜನ ಮೇಲೆ ಯಾರೂ ಸಿನಿಮಾ ಮಾಡಲಿಲ್ಲ ಎಂಬುದು ದೂರೇ ಅಲ್ಲ. ಅವರ ಅಕ್ಷರ ನಿಮಗೆ ಬಾರದಿರಬಹುದು. ಟಿಮ್ಮರ್ಮನ್ಸನಿಗೂ ಭಾಷೆ ಬರುತ್ತಿರಲಿಲ್ಲ.

ಧಾರವಾಡಕ್ಕೆ ಮಳೆ ಹಿಡಿಯುವ ಮೊದಲು ಏಣಿ ಹಾಕಿ. ಬಿಸಿಲಿಗೆ ನೇರ ಒಡ್ಡಬೇಡಿ, ನೆರಳಲ್ಲಿ ಹರವಿ. ಮೆತ್ತನೆಯ ಬ್ರಷ್ಷಿನಿಂದ ಧೂಳು ತೆಗೆಯಿರಿ, ಹರಿದಲ್ಲಿ ಸೆಲೋಟೇಪ್ ಮಾತ್ರ ಅಂಟಿಸಬೇಡಿ. ಪುಟ ಪುಟವಾಗಿ ಮೊಬೈಲಿನಲ್ಲೇ ಫೋಟೋ ತೆಗೆದು ನಮ್ಮ ಕಚೇರಿಗೆ ಕಳುಹಿಸಿ. ಮೋಡಿ ಓದಬಲ್ಲ ಹಿರಿಯರೊಬ್ಬರು ನನಗೆ ಪರಿಚಯ. ಅವರಿಗೆ ಎಂಬತ್ತು ದಾಟಿದೆ, ತಡ ಮಾಡಬೇಡಿ.

- ಸಂಪಾದಕ