ಅಣ್ಣನ ಅಂಗಡಿಯ ಚೆಕ್ ಬೌನ್ಸ್: ಹೆಸರಿಗಷ್ಟೇ ಪಾರ್ಟ್ನರ್ ಆದವರ ಮೇಲೂ ಕೇಸಾ?

ಪ್ರಶ್ನೆ: ನಾನು ಖಾಸಗಿ ಶಾಲೆಯಲ್ಲಿ ಟೀಚರ್. ಅಣ್ಣನಿಗೆ ರಾಣೆಬೆನ್ನೂರಿನಲ್ಲಿ ಬೀಜ-ಗೊಬ್ಬರದ ಅಂಗಡಿ ಇದೆ. ಅಪ್ಪ ತೀರಿಕೊಂಡ ಮೇಲೆ ಪಾರ್ಟ್ನರ್‌ಶಿಪ್ ಡೀಡ್‌ನಲ್ಲಿ ನನ್ನ ಹೆಸರೂ ಸೇರಿತು. ಅಂಗಡಿಯ ವ್ಯವಹಾರ ನನಗೇನೂ ಗೊತ್ತಿಲ್ಲ. ಅಣ್ಣ ಸಹಿ ಮಾಡಿ ಕೊಟ್ಟ 6 ಲಕ್ಷದ ಚೆಕ್ ಬೌನ್ಸ್ ಆಗಿ, ಈಗ ಫರ್ಮ್‌ಗೆ, ಅಣ್ಣನಿಗೆ, ನನಗೂ ಸಮನ್ಸ್ ಬಂದಿದೆ. ಮೊದಲು ವಕೀಲರ ನೋಟಿಸ್ ಬಂದಾಗ ‘ನಾ ನೋಡ್ಕೋತೀನಿ ಬಿಡು’ ಅಂದ. ಸುಮ್ಮನಿದ್ದೆ. ಇದರಿಂದ ಹೊರಬರಬಹುದಾ?
– ಓದುಗರು, ಹಾವೇರಿ

ಉತ್ತರ: ಬರಬಹುದು. ಆದರೆ ದೂರಿನಲ್ಲಿ ನಿಮ್ಮ ಬಗ್ಗೆ ಏನು ಬರೆದಿದ್ದಾರೆ, ನಿಮ್ಮ ಕೈಯಲ್ಲಿ ಯಾವ ಕಾಗದ ಇದೆ, ಇವೆರಡರ ಮೇಲೆ ಎಲ್ಲ ನಿಂತಿದೆ.

ಚೆಕ್ ಫರ್ಮ್‌ನದ್ದಾದರೆ ನೆಗೋಷಿಯಬಲ್ ಇನ್‌ಸ್ಟ್ರುಮೆಂಟ್ಸ್ ಕಾಯ್ದೆಯಲ್ಲಿ ಚೆಕ್ ಬೌನ್ಸ್ ಅಪರಾಧದ 138ನೇ ಸೆಕ್ಷನ್ ಜೊತೆ, ಕಂಪನಿ-ಫರ್ಮ್‌ಗಳಲ್ಲಿ ಯಾರು ಹೊಣೆ ಎಂದು ಹೇಳುವ 141ನೇ ಸೆಕ್ಷನ್ ಕೂಡ ನೋಡಬೇಕು. ತಪ್ಪು ನಡೆದ ಹೊತ್ತಿಗೆ ವ್ಯವಹಾರದ ಉಸ್ತುವಾರಿ ಹೊತ್ತವರು, ಅದಕ್ಕೆ ಜವಾಬ್ದಾರರಾದವರು ಆರೋಪಿಗಳಾಗುತ್ತಾರೆ. ಯಾರ ಒಪ್ಪಿಗೆಯಿಂದ ಅಥವಾ ನಿರ್ಲಕ್ಷ್ಯದಿಂದ ತಪ್ಪು ನಡೆಯಿತೋ ಅವರೂ ಆಗುತ್ತಾರೆ. ಬರೀ ಪಾರ್ಟ್ನರ್ ಅನ್ನುವುದು ಸಾಲದು. ಈ ಜವಾಬ್ದಾರಿಯ ಮಾತು ದೂರಿನಲ್ಲೇ ಇರಬೇಕು ಎಂದು ಸುಪ್ರೀಂ ಕೋರ್ಟ್ 2005ರಲ್ಲಿ ಎಸ್‌ಎಂಎಸ್ ಫಾರ್ಮಾಸ್ಯುಟಿಕಲ್ಸ್ ಕೇಸಿನಲ್ಲಿ ಹೇಳಿದೆ. ಚೆಕ್‌ಗೆ ಸಹಿ ಹಾಕಿದವರಿಗೆ ಈ ವಾದ ಸಿಗುವುದಿಲ್ಲ, ಹಾಗಾಗಿ ಅಣ್ಣನ ದಾರಿಯೇ ಬೇರೆ. ಸಾಧ್ಯವಾದರೆ ನಿಮಗೆ ಬೇರೆ ವಕೀಲರನ್ನೇ ಇಟ್ಟುಕೊಳ್ಳಿ.

ದೂರಿನ ನಕಲು ತೆಗೆಸಿ, ನಿಧಾನವಾಗಿ ಓದಿ. ‘ಮೂರನೇ ಆರೋಪಿ ಪಾರ್ಟ್ನರ್’ ಎಂದಷ್ಟೇ ಇದ್ದರೆ ನಿಮ್ಮ ಪಕ್ಷ ಗಟ್ಟಿ. ‘ಆರೋಪಿಗಳೆಲ್ಲ ದಿನನಿತ್ಯದ ವ್ಯವಹಾರ ನೋಡಿಕೊಳ್ಳುತ್ತಿದ್ದರು’ ಎಂದಿದ್ದರೆ ಕಷ್ಟ ಜಾಸ್ತಿ. ಬಹಳಷ್ಟು ದೂರುಗಳಲ್ಲಿ ಈ ಸಾಲು ಇದ್ದೇ ಇರುತ್ತದೆ. 2022ರ ಎಸ್.ಪಿ. ಮಣಿ ಆ್ಯಂಡ್ ಮೋಹನ್ ಡೈರಿ ತೀರ್ಪಿನ ಪ್ರಕಾರ, ಅಂಥ ಮಾತು ದೂರಿನಲ್ಲಿದ್ದರೆ ಕೇಸು ರದ್ದಾಗಲು ಯಾರೂ ಅಲ್ಲಗಳೆಯಲಾಗದ ದಾಖಲೆ ಬೇಕು. ಇಲ್ಲವಾದರೆ ವಿಚಾರಣೆಯಲ್ಲೇ ಸಾಬೀತು ಮಾಡಬೇಕು.

ಆದ್ದರಿಂದ ಡೀಡ್ ಹುಡುಕಿ. ಅಣ್ಣನೇ ಮ್ಯಾನೇಜಿಂಗ್ ಪಾರ್ಟ್ನರ್, ಬ್ಯಾಂಕ್ ವ್ಯವಹಾರ ಅವರೊಬ್ಬರದ್ದೇ ಎಂಬ ಷರತ್ತು ಅದರಲ್ಲಿದೆಯಾ? ಖಾತೆಯಲ್ಲಿ ಸಹಿ ಮಾಡುವ ಅಧಿಕಾರ ಯಾರಿಗಿದೆ ಎಂದು ಬ್ಯಾಂಕಿನಿಂದ ಬರೆಸಿಕೊಳ್ಳಿ. ಶಾಲೆಯ ನೇಮಕಾತಿ ಪತ್ರವೂ ಇರಲಿ, ಆದರೆ ಅದೊಂದನ್ನೇ ನಂಬಬೇಡಿ. ನೋಟಿಸ್‌ಗೆ ಉತ್ತರ ಕೊಡದ್ದು ನಿಮಗೆ ಹಿನ್ನಡೆಯೇ. ಅಣ್ಣನ ಮಾತು ನಂಬಿದಿರಿ, ಅದರಲ್ಲಿ ನಿಮ್ಮ ತಪ್ಪೇನೂ ಕಾಣುತ್ತಿಲ್ಲ. ಬಾಗಿಲು ಇನ್ನೂ ಮುಚ್ಚಿಲ್ಲ.

ರದ್ದು ಕೋರುವ ಅರ್ಜಿ ಈಗ ಬಿಎನ್‌ಎಸ್‌ಎಸ್ (ಹೊಸ ಕ್ರಿಮಿನಲ್ ಪ್ರಕ್ರಿಯಾ ಕಾಯ್ದೆ) 528ನೇ ಸೆಕ್ಷನ್‌ನಡಿ ಹೈಕೋರ್ಟ್‌ಗೆ ಹೋಗುತ್ತದೆ. 2024ರ ಜೂನ್‌ವರೆಗೆ ಇದು ಹಳೆಯ ಕಾಯ್ದೆಯಾದ ಸಿಆರ್‌ಪಿಸಿಯ 482 ಆಗಿತ್ತು. ಹಾವೇರಿ ಜಿಲ್ಲೆಯವರಿಗೆ ಹೈಕೋರ್ಟ್‌ನ ಧಾರವಾಡ ಪೀಠ, ಬೆಂಗಳೂರಿಗೆ ಅಲೆಯಬೇಕಿಲ್ಲ. ಆದರೆ ಅರ್ಜಿ ಹಾಕಿದೆವು ಎಂದು ಕೆಳಗಿನ ಕೋರ್ಟಿನ ತಾರೀಖು ತಪ್ಪಿಸಬೇಡಿ. ತಡೆಯಾಜ್ಞೆ ಇಲ್ಲದಿದ್ದರೆ ಅಲ್ಲಿ ಕೇಸು ನಡೆಯುತ್ತಲೇ ಇರುತ್ತದೆ, ಗೈರಾದರೆ ವಾರೆಂಟ್ ಬರಬಹುದು. ಹಾಜರಿ ವಿನಾಯಿತಿಗೆ ವಕೀಲರಿಂದ ಅರ್ಜಿ ಹಾಕಿಸಿ.

ಇನ್ನೊಂದು ಮಾತು. ಕ್ರಿಮಿನಲ್ ಕೇಸು ರದ್ದಾದರೂ ಫರ್ಮ್‌ನ ಸಾಲಕ್ಕೆ ಪಾರ್ಟ್ನರ್ ಆಗಿ ನೀವೂ ಹೊಣೆ. ಹಣ ವಸೂಲಿಗೆ ಸಿವಿಲ್ ದಾವೆ ಬರಬಹುದು. ಅಣ್ಣನ ಜೊತೆ ಕೂತು ರಾಜಿಯ ಮಾತು ಈಗಲೇ ಆಡಿ. ಫರ್ಮ್‌ನಿಂದ ಹೊರಬರುವುದಾದರೆ ನಿವೃತ್ತಿ ಪತ್ರ ಬರೆಸಿ, ಫರ್ಮ್‌ಗಳ ರಿಜಿಸ್ಟ್ರಾರ್‌ಗೆ ತಿಳಿಸಿ, ಪಾರ್ಟ್ನರ್‌ಶಿಪ್ ಕಾಯ್ದೆ ಹೇಳುವಂತೆ ಸಾರ್ವಜನಿಕ ಪ್ರಕಟಣೆ ಕೊಡಿ. ಅದು ಮುಂದಿನ ಸಾಲಗಳಿಗೆ ರಕ್ಷಣೆ, ಈ ಚೆಕ್‌ಗೆ ಅಲ್ಲ.