ಡ್ರಮ್ಮರ್ ಹೋದ್ರ ಬ್ಯಾಂಡ್ ಮುಚ್ಚಬೇಕಾ?

ನಮ್ಮ ಬ್ಯಾಂಡಿನ ಡ್ರಮ್ಮರ್ ನೌಕರಿಗಂತ ಬೆಂಗಳೂರಿಗೆ ಹೊಂಟಾನ, ಆರ್.ಇ.ಎಂ. ಅನ್ನೋ ರಾಕ್ ಬ್ಯಾಂಡ್ ಇಂಥಾ ಹೊತ್ತಿನ್ಯಾಗ ಏನು ಮಾಡ್ತು ಅಂತ ಬಳ್ಳಾರಿಯಿಂದ ಕೇಳೀರಿ.

ಮುಚ್ಚಬ್ಯಾಡ್ರಿ. ಅವಸರಕ್ಕ ಇನ್ನೊಬ್ಬನ್ನ ತಂದು ಕೂಡಿಸಲೂ ಬ್ಯಾಡ್ರಿ. 1980ರಾಗ ಅಮೆರಿಕದ ಜಾರ್ಜಿಯಾ ರಾಜ್ಯದ ಅಥೆನ್ಸ್‌ನ್ಯಾಗ ಶುರುವಾದ ಬ್ಯಾಂಡ್ ಆರ್.ಇ.ಎಂ. ಯಾರೇ ಹಾಡು ಕಟ್ಟಲಿ, ನಾಲ್ಕೂ ಮಂದಿ ಹೆಸರು ಹಾಕತಿದ್ರು. ಅಷ್ಟು ಒಗ್ಗಟ್ಟು. 1995ರಾಗ ಸ್ವಿಟ್ಜರ್ಲೆಂಡಿನ ಕಾರ್ಯಕ್ರಮದಾಗ ಡ್ರಮ್ಮರ್ ಬಿಲ್ ಬೆರ್ರಿ ಮೆದುಳಿನ ರಕ್ತನಾಳದ ತೊಂದರೆಯಿಂದ ವೇದಿಕೆ ಮ್ಯಾಲೇ ಕುಸಿದ. ಚೇತರಿಸಿಕೊಂಡ ಖರೆ, 1997ರಾಗ ಬ್ಯಾಂಡ್ ಬಿಟ್ಟು ಹೊಲ ಹಿಡಿದ. (ನಮ್ಮ ಹುಡುಗರು ಹೊಲ ಬಿಟ್ಟು ಗಿಟಾರ್ ಹಿಡೀತಾರ, ಅಂವಂದು ಉಲ್ಟಾ.) ಆದರ ತಾ ಹೋದ್ರ ಬ್ಯಾಂಡ್ ಒಡೀತದಂದ್ರ ಹೋಗಂಗಿಲ್ಲ ಅಂದಿದ್ದ.

ಉಳಿದ ಮೂವರು ಆ ಜಾಗಕ್ಕ ಹೊಸ ಸದಸ್ಯನ್ನ ತೊಗೊಳ್ಳಲೇ ಇಲ್ಲ. 1998ರ ಆಲ್ಬಮ್ಮಿಗೆ ಡ್ರಮ್ ಮಷೀನ್, ವೇದಿಕೆಗೆ ಸಂಬಳದ ಡ್ರಮ್ಮರ್. ಆ ಆಲ್ಬಮ್ ಮಾಡುವಾಗ ಇನ್ನೇನು ಒಡೆದೇ ಹೋಗತಿದ್ರು! ಆದ್ರೂ 2011ರ ತನಕ ನಡಸಿದ್ರು. ನನಗಂತೂ ಹಳೇ ನಾಲ್ವರ ಬಿಗಿ ಆಮ್ಯಾಲೆ ಕೇಳಿಸಲಿಲ್ಲ.

ನೀವು ಸದ್ಯಕ್ಕ ಫೋನಿನ್ಯಾಗ ಡ್ರಮ್ ಲೂಪ್ (ಮತ್ತ ಮತ್ತ ತಿರುಗೋ ತಾಳ) ಹಚ್ಚಿ ಪ್ರಾಕ್ಟೀಸ್ ಮಾಡ್ರಿ. ಹಬ್ಬಕ್ಕ ಊರಿಗೆ ಬಂದಾಗ ನಿಮ್ಮ ಡ್ರಮ್ಮರೇ ಬಾರಿಸಲಿ. ಬೆರ್ರಿನೂ ಆಗಾಗ ಬಂದು ಬಾರಿಸಿ ಹೋದಾಂವನ. ಬಳ್ಳಾರಿಗೆ ಬೆಂಗಳೂರು ಒಂದು ರಾತ್ರಿ ಬಸ್ಸಿನ ದಾರಿ, ಅಷ್ಟ.